ಅರವತ್ತೆಂಟು ನಂಬರಿನ ಆರ್ವಿಡ್

ಆರ್ವಿಡ್ ರಂತಾಲ ಹತ್ತು ವರ್ಷ ಹೊಟ್ಟೆಪಾಡಿಗಾಗಿ ಫುಟ್‌ಬಾಲ್ ಆಡಿದ, ಚೆಂಡನ್ನು ಕೈಯಲ್ಲಿ ಹಿಡಿದು ಓಡುವ ನಮ್ಮ ಅಮೆರಿಕದ ಫುಟ್‌ಬಾಲ್. ಆ ಹತ್ತು ವರ್ಷದಲ್ಲಿ ಚೆಂಡು ಅವನ ಪಾಲಿಗೆ ಬಂದದ್ದು ಎರಡೇ ಸಲ. ಎರಡು ಸಲವೂ ಯಾರದೋ ಕೈಜಾರಿ ಬಿದ್ದ ಚೆಂಡಿನ ಮೇಲೆ ಇವನು ಹೊಟ್ಟೆ ಹಾಕಿ ಮಲಗಿದ್ದ, ಅಷ್ಟೇ. ಎದುರಿಗೆ ನಿಂತವನನ್ನು ಮೂರು ಸೆಕೆಂಡು ತಡೆಯುವುದು ಅವನ ಕೆಲಸ. ಆ ಮೂರು ಸೆಕೆಂಡಿನಲ್ಲಿ ಹಿಂದೆ ನಿಂತ ಕ್ವಾರ್ಟರ್‌ಬ್ಯಾಕ್ ಚೆಂಡನ್ನು ಎಸೆಯಬೇಕು, ಇಲ್ಲವೇ ಓಡುವವನ ಕೈಗೆ ಕೊಡಬೇಕು. ಎಸೆದವನಿಗೂ ಹೆಸರು, ಹಿಡಿದವನಿಗೂ ಹೆಸರು. ತಡೆದವನ ಹೆಸರು ಜನರ ಕಿವಿಗೆ ಬೀಳುವುದು ಅವನು ತಪ್ಪು ಮಾಡಿದಾಗ ಮಾತ್ರ.

ಅವನು ಮೊಟ್ಟಮೊದಲು ಕಾಪಾಡಿದ್ದು ನನ್ನನ್ನು. ನಾನು ಕ್ಲೆಮ್ ಟ್ರೆವಾರೋ, ಮಾರ್ಟೆಲ್ ಹೈಸ್ಕೂಲಿನ ಕ್ವಾರ್ಟರ್‌ಬ್ಯಾಕ್ ಆಗಿದ್ದವನು. ಆಮೇಲೆ ಅದೇ ಊರಿನಲ್ಲಿ ನಲವತ್ತಮೂರು ವರ್ಷ ಕ್ಷೌರದಂಗಡಿ ನಡೆಸಿದೆ. ಕಬ್ಬಿಣದ ಗಣಿಯ ಊರು ನಮ್ಮದು. ಗಂಡಸರೆಲ್ಲ ಹದಿನೈದು ದಿನಕ್ಕೊಮ್ಮೆ ನನ್ನ ಕುರ್ಚಿಯಲ್ಲಿ ಬಂದು ಕೂರುತ್ತಿದ್ದರು. ಹಾಗಾಗಿ ನಾನು ಹೇಳುವುದರಲ್ಲಿ ಅರ್ಧ ಕಣ್ಣಾರೆ ಕಂಡದ್ದು, ಉಳಿದರ್ಧ ಕತ್ತರಿ ಆಡಿಸುತ್ತ ಕಿವಿಯಾರೆ ಕೇಳಿದ್ದು.

ಅರವತ್ತೈದನೆಯ ಇಸವಿಯಲ್ಲಿ ಆರ್ವಿಡ್‌ಗೆ ಹದಿನೈದು ತುಂಬಿತ್ತು. ಆಗಲೇ ನನಗಿಂತ ಒಂದು ಗೇಣು ಎತ್ತರ. ಚೆಂಡು ಹಿಡಿಯುವವನಾಗಬೇಕು ಎಂದು ಅವನಿಗೆ ಆಸೆ. ಬೇಸಿಗೆಯಿಡೀ ನಾನು ಎಸೆದೆ, ಅವನು ಬಿಟ್ಟ. ಶಾಲೆ ಶುರುವಾದ ಎರಡನೆಯ ದಿನ ಕೋಚ್ ಅವನನ್ನು ಪಕ್ಕಕ್ಕೆ ಕರೆದರು.

"ರಂತಾಲ, ನಿನ್ನ ಕೈಗೆ ಯಾರೋ ಬೆಣ್ಣೆ ಸವರಿದಾರೆ ಕಣೋ. ಹೋಗು, ಸಾಲಲ್ಲಿ ನಿಂತ್ಕೋ."

"ಅಲ್ಲಿ ಏನ್ ಮಾಡ್ಬೇಕು ಸಾರ್?"

"ಕ್ಲೆಮ್ ಮೇಲೆ ಯಾರೂ ಬೀಳದ ಹಾಗೆ ನೋಡ್ಕೋ."

"ಎಷ್ಟು ಹೊತ್ತು?"

"ನೀನು ಸ್ಕೂಲ್ ಬಿಡೋವರೆಗೂ."

ಅವನು ಅದನ್ನು ಅಕ್ಷರಶಃ ಪಾಲಿಸಿದ. ಮೂರು ವರ್ಷದಲ್ಲಿ ಒಂದೇ ಒಂದು ಪಂದ್ಯಕ್ಕೆ ಅವನು ಬರಲಿಲ್ಲ, ಮಂಗನಬಾವು ಆಗಿ ಮನೆಯಲ್ಲಿ ಮಲಗಿದ್ದ. ಆ ದಿನವೇ ನನ್ನ ಹೆಗಲ ಮೂಳೆ ಮುರಿಯಿತು. ಮರುದಿನ ಬುಗ್ಗೆಯಂಥ ಕೆನ್ನೆ ಹೊತ್ತು ಆಸ್ಪತ್ರೆಯ ಕಿಟಕಿಯ ಹೊರಗೆ ಬಂದು ನಿಂತ. ಒಳಗೆ ಬಿಡುತ್ತಿರಲಿಲ್ಲ. ಗಾಜಿನ ಆಚೆಯಿಂದಲೇ ಕೂಗಿದ: "ಯಾವ ಕಡೆಯಿಂದ ಬಂದ ಅವನು?" ನಾನು ಎಡಗೈ ತೋರಿಸಿದೆ. "ನನ್ನ ಜಾಗ ಅದು," ಎಂದು ತಲೆ ತಗ್ಗಿಸಿ ಹೊರಟುಹೋದ. ಮಂಗನಬಾವಿಗೂ ತಾನೇ ಹೊಣೆ ಎನ್ನುವ ಹಾಗಿತ್ತು.

ಅವನ ಅಪ್ಪ ಐನೊ ಗಣಿಯಲ್ಲಿ ಕೆಲಸ ಮಾಡುತ್ತಿದ್ದ. ಮಾತು ಕಡಿಮೆ, ಆಡಿದರೆ ಖಾರ. ಮಗನ ಆಟ ನೋಡಲು ಒಂದೇ ಒಂದು ಸಲ ಬಂದ. ಪಂದ್ಯ ಮುಗಿದ ಮೇಲೆ ಮಗನನ್ನೇ ಕೇಳಿದ.

"ಚೆಂಡು ನಿನಗೆ ಯಾವಾಗ ಕೊಡ್ತಾರೆ?"

"ಕೊಡಲ್ಲಪ್ಪ. ನಮ್ಮ ಸಾಲಿನವರು ಮುಟ್ಟೋ ಹಾಗಿಲ್ಲ."

"ಮುಟ್ಟೋ ಹಾಗಿಲ್ಲವಾ? ಎಲೆ ಹಾಕಿ ಕೂರಿಸಿ ಬಾಯಿ ಹೊಲಿದ ಹಾಗಾಯ್ತಲ್ಲೋ!"

ಆಮೇಲೆ ಐನೊ ಮೈದಾನದ ಕಡೆ ತಲೆ ಹಾಕಲಿಲ್ಲ. ಶನಿವಾರ ಮಧ್ಯಾಹ್ನ ನಾವು ಆಡುತ್ತಿದ್ದರೆ ಅವನು ಹಿತ್ತಲಲ್ಲಿ ಸೌನಾಕ್ಕೆ, ಅಂದರೆ ಬೆವರಿಳಿಸುವ ಬಿಸಿ ಕೋಣೆಗೆ, ಸೌದೆ ಒಡೆಯುತ್ತಿದ್ದ. ಮಗನ ಮೇಲೆ ಸಿಟ್ಟೇನೂ ಇರಲಿಲ್ಲ. ನೋಡುವುದಕ್ಕೆ ಅಲ್ಲಿ ಏನಿದೆ ಎಂದು ಅವನಿಗೆ ಅರ್ಥವಾಗಲಿಲ್ಲ, ಅಷ್ಟೇ.

ಆರ್ವಿಡ್ ಕಾಲೇಜಿಗೆ ಹೋದ, ಅಲ್ಲೂ ಸಾಲಿನಲ್ಲೇ ನಿಂತ. ಎಪ್ಪತ್ತೊಂದರ ಜನವರಿಯಲ್ಲಿ ದೊಡ್ಡ ತಂಡಗಳು ಆಟಗಾರರನ್ನು ಆರಿಸುವ ದಿನ ಅವನು ಮನೆಯಲ್ಲಿದ್ದ. ಹನ್ನೊಂದನೆಯ ಸುತ್ತಿನಲ್ಲಿ ಟೊಲೀಡೊ ತಂಡ ಅವನನ್ನು ಆರಿಸಿತು. ಫೋನು ಎತ್ತಿಕೊಂಡದ್ದು ಅವನ ತಾಯಿ ಹೆಲ್ಮಿ.

"ನಿಮ್ಮ ಮಗನನ್ನ ಆರಿಸಿದೀವಿ ಅಮ್ಮ, ಸ್ವಲ್ಪ ಮಾತಾಡಬಹುದಾ?"

"ಅವನು ಮಾಡಿನ ಮೇಲೆ ಹಿಮ ತಳ್ತಾ ಇದಾನೆ. ಒಂದು ಗಂಟೆ ಬಿಟ್ಟು ಮಾಡಿ," ಎಂದು ಹೇಳಿ ಫೋನ್ ಇಟ್ಟಳು. ಇಳಿದು ಬಂದ ಮಗನಿಗೆ ಕಾಫಿ ಕೊಟ್ಟಳು, ಬ್ರೆಡ್ಡು ಕೊಟ್ಟಳು, ಕೊನೆಗೆ ನೆನಪಾಗಿ, "ಟೊಲೀಡೊದಿಂದ ಯಾರೋ ಫೋನ್ ಮಾಡಿದ್ರು. ಏನೋ ಮಾರೋಕೆ ಇರಬೇಕು," ಎಂದಳು.

ಟೊಲೀಡೊದಲ್ಲಿ ಮೊದಲ ಅಪ್ಪಣೆ ತಿನ್ನು ಎಂಬುದು. ಅವನು ಇನ್ನೂರ ಮೂವತ್ತು ಪೌಂಡ್ ಇದ್ದ. ಇನ್ನೂ ಮೂವತ್ತು ಬೇಕು ಎಂದರು ಸಾಲಿನ ಕೋಚ್ ಗ್ರೋವ್ಸ್. ತಿನ್ನುವುದು ಸುಖ ಎಂದು ನಾವೆಲ್ಲ ಅಂದುಕೊಂಡಿರುತ್ತೇವೆ. ದಿನಕ್ಕೆ ಆರು ಹೊತ್ತು, ಹಸಿವಿಲ್ಲದೆ, ಹತ್ತು ವರ್ಷ ತಿಂದವನನ್ನು ಕೇಳಬೇಕು. ಮದುವೆಯಾದ ಹೊಸದರಲ್ಲಿ ಹೆಂಡತಿ ಲೊರೇನ್ ರಾತ್ರಿ ಮಲಗುವ ಮೊದಲು ಆರು ಬೇಯಿಸಿದ ಮೊಟ್ಟೆಗಳನ್ನು ತಟ್ಟೆಯಲ್ಲಿಟ್ಟು ಎದುರಿಗೆ ಕೂರುತ್ತಿದ್ದಳಂತೆ. "ಅವರು ಅಳೋದನ್ನ ನಾನು ನೋಡಿರೋದು ಆ ಐದನೇ ಮೊಟ್ಟೆಗೇ," ಎಂದು ಅವಳು ನನ್ನ ಹೆಂಡತಿಯ ಹತ್ತಿರ ಹೇಳಿ ನಕ್ಕಿದ್ದಳು.

ಎರಡನೆಯ ವರ್ಷ ಅವನಿಗೆ ಸಾಲಿನಲ್ಲಿ ಕಾಯಂ ಜಾಗ ಸಿಕ್ಕಿತು. ಎಡಗಡೆಯ ಗಾರ್ಡ್, ಅಂದರೆ ಸಾಲಿನ ನಡುವಿನವನ ಎಡಪಕ್ಕದವನು, ಅಂಗಿಯ ಮೇಲೆ ಅರವತ್ತೆಂಟು. ಸಾಲಿನಲ್ಲಿ ಐದು ಜನ, ಅವರದೇ ಒಂದು ಕುಟುಂಬ. ಒಟ್ಟಿಗೆ ತಿನ್ನುವುದು, ಒಟ್ಟಿಗೆ ಬೈಸಿಕೊಳ್ಳುವುದು. ಅವರಲ್ಲಿ ಯಾರ ತಪ್ಪನ್ನೂ ಯಾರೂ ಹೊರಗೆ ಆಡುವ ಹಾಗಿರಲಿಲ್ಲ. ಅದನ್ನು ಯಾರೂ ಬರೆದಿಟ್ಟಿರಲಿಲ್ಲ, ಆದರೂ ಎಲ್ಲರಿಗೂ ಗೊತ್ತಿತ್ತು.

ಎಪ್ಪತ್ತೆಂಟರಲ್ಲಿ ಆಟದ ನಿಯಮ ಬದಲಾಯಿತು. ಅಲ್ಲಿಯವರೆಗೆ ತಡೆಯುವವನು ಮುಷ್ಟಿ ಬಿಗಿದು ತನ್ನ ಎದೆಗೇ ಒತ್ತಿಕೊಂಡು, ಮೊಣಕೈಯಿಂದ ತಡೆಯಬೇಕಿತ್ತು. ಇನ್ನು ಮುಂದೆ ಅಂಗೈ ಬಿಚ್ಚಿ, ತೋಳು ಚಾಚಿ ತಳ್ಳಬಹುದು, ಆದರೆ ಹಿಡಿಯುವಂತಿಲ್ಲ. ಹೊಸ ಹುಡುಗರಿಗೆ ಅದು ಹಬ್ಬ. ಇಪ್ಪತ್ತೆಂಟು ತುಂಬಿದ್ದ ಆರ್ವಿಡ್‌ಗೆ ನಡಿಗೆಯನ್ನೇ ಮತ್ತೆ ಕಲಿತ ಹಾಗೆ. ಆ ಬೇಸಿಗೆಯಲ್ಲಿ ಊರಿಗೆ ಬಂದವನು ನೇರ ನನ್ನ ಅಂಗಡಿಗೆ ಬಂದ.

"ಕ್ಲೆಮ್, ಸಂಜೆ ಹೊತ್ತು ಖಾಲಿ ಇದೀಯಾ?"

"ಯಾಕೋ?"

"ನಿನ್ನ ತಳ್ಳಬೇಕು."

ನನ್ನ ಎದೆಗೆ ಹಳೆಯ ಹಾಸಿಗೆಯೊಂದನ್ನು ಹಗ್ಗದಲ್ಲಿ ಕಟ್ಟಿದ. ಅಂಗಡಿಯ ಹಿಂದಿನ ಜಾಗದಲ್ಲಿ ನಾನು ಅವನ ಮೇಲೆ ನುಗ್ಗಬೇಕು, ಅವನು ಅಂಗೈಯಿಂದ ತಳ್ಳಬೇಕು. ಆರು ವಾರ ಹೀಗೇ ನಡೆಯಿತು. ಬೇಲಿಯ ಮೇಲೆ ಸಾಲಾಗಿ ಕೂತು ಊರಿನ ಮುದುಕರು ಬೀರು ಕುಡಿಯುತ್ತ ನೋಡುತ್ತಿದ್ದರು.

"ಕ್ಲೆಮ್ಮೂ, ಹಾಸಿಗೆ ಜೊತೇಲಿ ದಿಂಬೂ ಕಟ್ಕೊಳೋ, ಬಿದ್ದಾಗ ನಿದ್ದೆ ಮಾಡಬಹುದು!"

ನಾನು ಬಿದ್ದೆ, ಎದ್ದೆ. ಅವನ ಬೆರಳುಗಳು ಮಾತ್ರ ಹಾಸಿಗೆಯ ಬಟ್ಟೆಯನ್ನು ಒಂದು ಸಲವೂ ಹಿಡಿಯಲಿಲ್ಲ. ಹಿಡಿಯಬಾರದು ಎಂದು ಹೆಬ್ಬೆರಳುಗಳಿಗೆ ಪಟ್ಟಿ ಸುತ್ತಿ ಅಭ್ಯಾಸ ಮಾಡಿದ್ದ.

ಎಪ್ಪತ್ತೊಂಬತ್ತರ ಡಿಸೆಂಬರ್ ಕೊನೆಯಲ್ಲಿ ಟೊಲೀಡೊಗೆ ದೊಡ್ಡ ಪಂದ್ಯ. ಗೆದ್ದರೆ ಇನ್ನೊಂದು ಪಂದ್ಯ, ಸೋತರೆ ಆ ವರ್ಷ ಮುಗಿದ ಹಾಗೆ. ಭಾನುವಾರವಾದರೂ ನಾನು ಅಂಗಡಿ ತೆರೆದೆ, ಬಣ್ಣದ ಟಿವಿ ಇದ್ದದ್ದು ನನ್ನಲ್ಲೇ. ಮೂವತ್ತು ಜನ ಸೇರಿದರು. ಆಶ್ಚರ್ಯವೆಂದರೆ ಐನೊ ಕೂಡ ಬಂದ. ಅವನಿಗೆ ಕ್ಷೌರದ ಕುರ್ಚಿಯನ್ನೇ ಬಿಟ್ಟುಕೊಟ್ಟೆವು.

ಟೊಲೀಡೊದಲ್ಲಿ ಹಿಂದಿನ ದಿನವೆಲ್ಲ ಮಳೆ ಸುರಿದಿತ್ತು. ಆಟಗಾರರೆಲ್ಲ ಕೆಸರಿನ ಮೂರ್ತಿಗಳಾಗಿದ್ದರು. ಕೊನೆಯ ನಿಮಿಷದಲ್ಲಿ ನಮ್ಮವರು ನಾಲ್ಕು ಅಂಕ ಹಿಂದಿದ್ದರು. ಚೆಂಡು ಓಡುವವನ ಕೈಗೆ ಹೋಯಿತು, ಅವನು ಎಡಗಡೆಯಿಂದ ನುಗ್ಗಿ ಗೆರೆ ದಾಟಿದ. ಟಚ್‌ಡೌನ್, ಆರು ಅಂಕ! ಅಂಗಡಿಯಲ್ಲಿ ಟೋಪಿಗಳು ಹಾರಿದವು. ಅಷ್ಟರಲ್ಲಿ ಕೆಸರಿನ ಮೇಲೆ ಬಿದ್ದಿದ್ದ ಹಳದಿ ಬಟ್ಟೆಯ ತುಂಡನ್ನು ಟಿವಿ ತೋರಿಸಿತು, ತಪ್ಪು ಕಂಡರೆ ತೀರ್ಪುಗಾರರು ಎಸೆಯುವುದು ಅದನ್ನೇ. ತೀರ್ಪುಗಾರ ಮೈಕಿನಲ್ಲಿ ಹೇಳಿದ: ಹಿಡಿದೆಳೆದ ತಪ್ಪು, ನಂಬರ್ ಅರವತ್ತೆಂಟು. ಟಚ್‌ಡೌನ್ ರದ್ದಾಯಿತು, ಹತ್ತು ಗಜ ಹಿಂದಕ್ಕೆ. ಮುಂದಿನ ಎರಡು ಎಸೆತಗಳು ನೆಲಕ್ಕೆ ಬಿದ್ದವು. ಮುಗಿಯಿತು. ಒಂಬತ್ತು ವರ್ಷದಲ್ಲಿ ಟಿವಿಯವನ ಬಾಯಿಂದ ಅವನ ಹೆಸರು ಬಂದದ್ದು ನಾವು ಕೇಳಿದ್ದು ಅದೇ ಮೊದಲು. ಅದನ್ನೂ 'ರಂಟೆಲ್ಲೊ' ಎಂದ.

ಯಾರೋ ಹಿಂದಿನಿಂದ ಅಂದರು, "ಐನೊ, ನಿನ್ನ ಮಗನಿಗೆ ಕೈ ಸ್ವಲ್ಪ ಉದ್ದ ಆಯ್ತಲ್ಲಯ್ಯಾ."

ಐನೊ ಕುರ್ಚಿಯಿಂದ ಇಳಿದು ಟೋಪಿ ಹಾಕಿಕೊಂಡ. "ಆ ಕೈ ನಿನ್ನ ಬಾಯಿವರೆಗೂ ಬರುತ್ತೆ. ಹುಷಾರು," ಎಂದು ಹೇಳಿ ಹೊರಟ.

ಮರುದಿನದ ಪತ್ರಿಕೆಗಳಲ್ಲಿ ಆರ್ವಿಡ್‌ನ ಮಾತು ಬಂತು: "ನಾನು ತಡ ಮಾಡಿದೆ, ಹಿಡಿದುಬಿಟ್ಟೆ." ಟೊಲೀಡೊ ಜನ ಸುಮ್ಮನಿರಲಿಲ್ಲ. ಆ ಚಳಿಗಾಲ ಅವನ ಮನೆಗೆ ಟಪಾಲಿನಲ್ಲಿ ಹದಿನೇಳು ಜೊತೆ ಉಣ್ಣೆಯ ಕೈಗವಸು ಬಂದವು. ಎರಡೂ ಗವಸುಗಳನ್ನು ಒಂದಕ್ಕೊಂದು ಸೇರಿಸಿ ಹೊಲಿದದ್ದು, ಕೈ ಕಟ್ಟಿಕೊಂಡಿರು ಎಂದು ಅರ್ಥ. ಲೊರೇನ್ ಕೂತು ಎಲ್ಲದರ ಹೊಲಿಗೆ ಬಿಚ್ಚಿ, ಒಗೆದು, ಚರ್ಚಿನ ಬಡವರ ಪೆಟ್ಟಿಗೆಗೆ ಹಾಕಿದಳು. "ಉಣ್ಣೆ ಒಳ್ಳೇದಿತ್ತು," ಎಂದಳು.

ಜನವರಿಯಲ್ಲಿ ಊರಿಗೆ ಬಂದಾಗ ಅವನು ಎಂದಿನಂತೆ ತಲೆ ಕೊಟ್ಟು ಕೂತ. ನನಗೆ ತಡೆಯಲಾಗಲಿಲ್ಲ. ಹಾಸಿಗೆ ಕಟ್ಟಿಕೊಂಡು ಆರು ವಾರ ಆ ಕೈಗಳ ಏಟು ತಿಂದವನು ನಾನು.

"ನಿಜವಾಗ್ಲೂ ಹಿಡಿದ್ಯೇನೋ?"

"ನಂಬರ್ ನಂದೇ ಹೇಳಿದ್ರಲ್ಲ."

"ನಾನು ಕೇಳಿದ್ದು ಅದಲ್ಲ."

"ಕಿವಿ ಹತ್ತಿರ ಸ್ವಲ್ಪ ಸಣ್ಣ ಮಾಡು," ಎಂದು ಕಣ್ಣು ಮುಚ್ಚಿದ. ಮತ್ತೆ ನಾನು ಕೇಳಲಿಲ್ಲ. ಅವನ ಅಪ್ಪನೂ ಕೇಳಲಿಲ್ಲ ಎಂದು ಆಮೇಲೆ ತಿಳಿಯಿತು. ಒಂದೇ ಮೇಜಿನಲ್ಲಿ ಊಟ ಮಾಡುತ್ತ, ಒಂದೇ ಸೌನಾದಲ್ಲಿ ಬೆವರುತ್ತ, ಅಪ್ಪ ಮಗ ಇಬ್ಬರೂ ಹವೆಯ ಬಗ್ಗೆ, ಮೀನಿನ ಬಗ್ಗೆ ಮಾತಾಡಿಕೊಂಡಿದ್ದರು.

ಆರ್ವಿಡ್ ಇನ್ನೊಂದು ವರ್ಷ ಆಡಿದ. ಎಡ ಮೊಣಕಾಲಿಗೆ ಮೂರನೆಯ ಶಸ್ತ್ರಚಿಕಿತ್ಸೆಯಾಯಿತು. ಎಂಬತ್ತೊಂದರ ಆಗಸ್ಟಿನಲ್ಲಿ ಒಂದು ಬೆಳಗ್ಗೆ ಅಭ್ಯಾಸದ ಶಿಬಿರದಲ್ಲಿ ಗ್ರೋವ್ಸ್ ಅವನ ಬಾಗಿಲು ತಟ್ಟಿದರು. "ಆರ್ವಿಡ್, ಆಟದ ಪುಸ್ತಕ ತಗೊಂಡು ಬಾಪ್ಪ," ಎಂದರು. ಪುಸ್ತಕ ತರಲು ಹೇಳಿದರೆ ಕೆಲಸ ಹೋಯಿತು ಎಂದೇ ಲೆಕ್ಕ. ಇಬ್ಬರೂ ಕೈಕುಲುಕಿದರು. ಮಧ್ಯಾಹ್ನದ ಹೊತ್ತಿಗೆ ಅವನು, ಲೊರೇನ್, ಇಬ್ಬರು ಹೆಣ್ಣುಮಕ್ಕಳು ಕಾರಿನಲ್ಲಿ ಉತ್ತರಕ್ಕೆ ಹೊರಟಿದ್ದರು.

ಊರಿನಲ್ಲಿ ಅವನಿಗೆ ಜಿಲ್ಲೆಯ ರಸ್ತೆ ಇಲಾಖೆಯಲ್ಲಿ ಕೆಲಸ ಸಿಕ್ಕಿತು, ಹಿಮ ಸರಿಸುವ ಲಾರಿ ಓಡಿಸುವುದು. ನಮ್ಮ ಕಡೆ ಅದು ಆರು ತಿಂಗಳ ಉದ್ಯೋಗ. ಉಳಿದ ಆರು ತಿಂಗಳು ಹಿಮ ಕೆಡಿಸಿದ ರಸ್ತೆಯ ಗುಂಡಿ ಮುಚ್ಚುವುದು. ಮೊದಲ ದಿನವೇ ಲೊರೇನ್ ಕೇಳಿದಳು, "ಇವತ್ತು ಎಷ್ಟು ಮೊಟ್ಟೆ?" ಇವನು, "ಇನ್ನು ಮೊಟ್ಟೆ ಹೆಸರೆತ್ತಬೇಡ," ಎಂದ. ಎರಡೇ ವರ್ಷದಲ್ಲಿ ಎಪ್ಪತ್ತು ಪೌಂಡ್ ಇಳಿದ. ಮೊದಲು ನನ್ನ ಅಂಗಡಿಯ ಬಿಳಿ ಬಟ್ಟೆ ಅವನ ಕುತ್ತಿಗೆಗೆ ಸಾಲದೆ ಪಿನ್ನು ಚುಚ್ಚಬೇಕಾಗುತ್ತಿತ್ತು. ಈಗ ಬಟ್ಟೆಯೊಳಗೆ ಟವೆಲ್ಲೊಂದನ್ನು ತುರುಕಿದರೂ ಜಾಗ ಉಳಿಯುತ್ತಿತ್ತು. ಊರಿನ ಹುಡುಗರಿಗೆ ಅವನು ಆಟಗಾರನಾಗಿದ್ದ ಎಂದು ಹೇಳಿದರೆ ನಂಬುತ್ತಿರಲಿಲ್ಲ. ಹೊರಗಿನವರು ಮಾತ್ರ ವರ್ಷಕ್ಕೊಮ್ಮೆಯಾದರೂ ಪೆಟ್ರೋಲ್ ಬಂಕಿನಲ್ಲಿ ಹೆಸರು ಕೇಳಿ, "ಓ, ಆ ಹಿಡಿದೆಳೆದ ರಂತಾಲ ನೀನೇನಾ?" ಎನ್ನುತ್ತಿದ್ದರು. "ನಾನೇ," ಎಂದು ಇವನು ಟೋಪಿ ಎತ್ತುತ್ತಿದ್ದ.

ತೊಂಬತ್ತಮೂರರ ಅಕ್ಟೋಬರಿನಲ್ಲಿ ಒಂದು ಶನಿವಾರ ಬೆಳಗ್ಗೆ ನನ್ನ ಅಂಗಡಿಯ ಬಾಗಿಲು ತುಂಬುವಷ್ಟು ದೊಡ್ಡ ಮನುಷ್ಯನೊಬ್ಬ ಒಳಗೆ ಬಂದ. ಕಪ್ಪು ಜನ ನಮ್ಮೂರಿಗೆ ಬರುವುದು ಅಪರೂಪ, ಹಾಗಾಗಿ ಕಾದು ಕೂತಿದ್ದ ಇಬ್ಬರು ಪತ್ರಿಕೆ ಕೆಳಗಿಟ್ಟರು. ಅವನ ಕಂಕುಳಲ್ಲಿ ತಗಡಿನ ದುಂಡನೆಯ ಡಬ್ಬಿಯೊಂದಿತ್ತು.

"ಆರ್ವಿಡ್ ರಂತಾಲ ಮನೆಗೆ ದಾರಿ ಯಾವುದು ಸಾರ್? ನಾನು ಕಾರ್ನೆಲ್ ಬೀಸ್ಲಿ. ಅವನ ಪಕ್ಕದಲ್ಲಿ ಆಡ್ತಿದ್ದೆ."

ಹೆಸರು ನನಗೆ ಗೊತ್ತಿತ್ತು. ಎಡಗಡೆಯ ಟ್ಯಾಕಲ್, ಅಂದರೆ ಸಾಲಿನ ಎಡ ತುದಿಯವನು, ನಂಬರ್ ಎಪ್ಪತ್ತೆಂಟು. ಎಪ್ಪತ್ತೊಂಬತ್ತರಲ್ಲಿ ಹೊಸಬನಾಗಿ ಬಂದು ಹನ್ನೊಂದು ವರ್ಷ ಆಡಿದವನು. ಆರ್ವಿಡ್ ಕೆಲಸದ ಮೇಲಿದ್ದಾನೆ, ಹನ್ನೊಂದಕ್ಕೆ ಇಲ್ಲಿಗೇ ಬರುತ್ತಾನೆ ಎಂದೆ. ಅಲ್ಲಿಯವರೆಗೆ ಗಡ್ಡ ಮಾಡು ಎಂದು ಅವನು ಕೂತ. ಮುಖಕ್ಕೆ ನೊರೆ ಹಚ್ಚುವಾಗ ಡಬ್ಬಿಯಲ್ಲಿ ಏನು ಎಂದು ಕೇಳಿದೆ.

"ಆ ಪಂದ್ಯದ ಫಿಲ್ಮು. ಟಿವಿದಲ್ಲ, ಕೋಚುಗಳು ಮೇಲಿಂದ ತೆಗೆಸೋದು. ತಂಡದ ಆಫೀಸು ಜಾಗ ಬದಲಾಯಿಸಿದಾಗ ಹಳೇದೆಲ್ಲ ಕಸಕ್ಕೆ ಹಾಕ್ತಿದ್ರು. ಇದೊಂದನ್ನ ಎತ್ಕೊಂಡು ಬಂದೆ." ಡಬ್ಬಿಯ ಮುಚ್ಚಳ ತಟ್ಟಿ ಹೇಳಿದ, "ಹಿಡಿದಿದ್ದು ನಾನು ಸಾರ್. ಕೆಸರಲ್ಲಿ ಏಳು ಆರಾಗಿ ಕಂಡಿದೆ."

ಬ್ರಷ್ಷು ನನ್ನ ಕೈಯಲ್ಲೇ ಉಳಿಯಿತು.

ಹನ್ನೊಂದಕ್ಕೆ ಆರ್ವಿಡ್ ಬಂದ. ಇಬ್ಬರೂ ಅಪ್ಪಿಕೊಳ್ಳಲಿಲ್ಲ, ಭುಜಕ್ಕೆ ಭುಜ ತಾಗಿಸಿ ನಿಂತರು. ಸಾಲಿನವರ ಅಭ್ಯಾಸ ಅದು. ಡಬ್ಬಿ ನೋಡಿದ ಕೂಡಲೇ ಆರ್ವಿಡ್‌ಗೆ ಅರ್ಥವಾಯಿತು.

"ಇದನ್ಯಾಕೆ ತಂದೆ ಮಾರಾಯ?"

"ಹದಿನಾಲ್ಕು ವರ್ಷದಿಂದ ನಿನ್ನ ಮೇಲೆ ಕೋಪ ಇದೆ, ಅದಕ್ಕೇ ತಂದೆ. ನಾನು ನಿನ್ನ ಕೇಳಿದ್ನಾ? ಮೈದಾನದಲ್ಲೇ ಹೇಳೋಕೆ ಬಂದ್ರೆ ನೀನು ಬಾಯ್ಮುಚ್ಚು ಅಂದೆ. ಒಳಗೆ ಹೋದ್ರೆ ಅಷ್ಟೊತ್ತಿಗೆ ನೀನು ಪತ್ರಿಕೆಯವ್ರ ಮುಂದೆ ಒಪ್ಕೊಂಡುಬಿಟ್ಟಿದ್ದೆ. ನಿನ್ನ ಉಪಕಾರ ಹೊತ್ಕೊಂಡು ಆಮೇಲೆ ಹತ್ತು ವರ್ಷ ಆಡಿದೀನಿ. ಎದುರಿಗೆ ಬಂದ ಯಾವ ನನ್ಮಗನೂ ಅಷ್ಟು ಭಾರ ಇರ್ಲಿಲ್ಲ."

ಆರ್ವಿಡ್ ತಲೆ ಕೆರೆದುಕೊಂಡ. "ಉಪಕಾರ ಅಂತ ಮಾಡಿದ್ದಲ್ಲ ಕಣೋ ಅದು. ಹೊಟ್ಟೆ ಹಸಿದಿತ್ತು. ಹತ್ತು ಜನ ಮೈಕ್ ಹಿಡ್ಕೊಂಡು ನಿಂತಿದ್ರು. ಅಲ್ಲ ಅಂದ್ರೆ ಯಾರು ಅಂತಾರೆ, ಹೌದು ಅಂದ್ರೆ ಹೋಗ್ತಾರೆ. ಹೌದು ಅಂದೆ. ಇಷ್ಟು ದಿನ ಉಳಿಯುತ್ತೆ ಅಂತ ಯಾರಿಗ್ ಗೊತ್ತಿತ್ತು?"

ಕಾರ್ನೆಲ್ ಅವನನ್ನೇ ನೋಡಿದ. ಆಮೇಲೆ ನಗತೊಡಗಿದ. ಕೆನ್ನೆಯ ಮೇಲೆ ಅರ್ಧ ನೊರೆ ಹಾಗೇ ಇತ್ತು. ನಗು ನಿಂತ ಮೇಲೆ ಹೇಳಿದ, "ಆದರೂ ನಿನ್ನ ಮನೆಯವ್ರು ನೋಡ್ಬೇಕು. ನೋಡಿದ ಹೊರತು ನಾನು ಹೋಗಲ್ಲ."

ಲುಥೆರನ್ ಚರ್ಚಿನಿಂದ ಪ್ರೊಜೆಕ್ಟರ್ ತಂದೆವು. ಊಟದ ಮೇಲೆ ಅಂಗಡಿಯ ಪರದೆ ಎಳೆದು, ಗೋಡೆಗೆ ದುಪ್ಪಟಿ ಬಡಿದೆವು. ಲೊರೇನ್ ಬಂದಳು. ಹೆಲ್ಮಿ ತೀರಿಕೊಂಡು ಆಗಲೇ ಐದು ವರ್ಷವಾಗಿತ್ತು. ಎಪ್ಪತ್ತೊಂಬತ್ತು ವರ್ಷದ ಐನೊ ಕೋಲೂರಿಕೊಂಡು ಬಂದು ಕ್ಷೌರದ ಕುರ್ಚಿಯಲ್ಲಿ ಕೂತ. ಕಾರ್ನೆಲ್ ಆ ರದ್ದಾದ ಟಚ್‌ಡೌನಿನ ಭಾಗವನ್ನು ಹುಡುಕಿ ನಿಧಾನವಾಗಿ ಓಡಿಸಿದ. ಕಪ್ಪು ಬಿಳುಪು, ಸದ್ದಿಲ್ಲ. ಆರ್ವಿಡ್‌ನ ಎರಡು ಅಂಗೈಗಳೂ ಎದುರಾಳಿಯ ಎದೆಯ ಮೇಲೆ ಬಿಚ್ಚಿಕೊಂಡೇ ಇದ್ದವು. ಅವನ ಪಕ್ಕದಲ್ಲಿ ಕಾರ್ನೆಲ್‌ನ ಎಡಗೈ ಇನ್ನೊಬ್ಬನ ಅಂಗಿಯ ಕೊರಳನ್ನು ಹಿಡಿದು ಕೆಳಕ್ಕೆ ಎಳೆಯುತ್ತಿತ್ತು.

"ಅಂದ್ರೆ ನೀನಲ್ಲ," ಎಂದ ಐನೊ.

"ಅಲ್ಲಪ್ಪ."

"ಹದಿನಾಲ್ಕು ವರ್ಷ ಹೇಳಲಿಲ್ಲ."

"ನೀನು ಕೇಳಲಿಲ್ಲ."

"ಹೂಂ," ಎಂದ ಐನೊ. ಕಾರ್ನೆಲ್ ಕಡೆ ತಿರುಗಿದ. "ಅಷ್ಟೇನಾ? ಉಳಿದದ್ದೂ ಇದೆಯಾ ಇದರಲ್ಲಿ?"

"ಪೂರ್ತಿ ಪಂದ್ಯ ಇದೆ ಯಜಮಾನ್ರೇ."

"ಹಾಕು."

ಟಿವಿಯ ಕ್ಯಾಮೆರಾ ಯಾವಾಗಲೂ ಚೆಂಡಿನ ಬೆನ್ನು ಹತ್ತುತ್ತದೆ. ಕೋಚುಗಳ ಫಿಲ್ಮಿನಲ್ಲಿ ಚೆಂಡು ಕಾಣುವುದೇ ಕಷ್ಟ. ಅದರಲ್ಲಿ ಕಾಣುವುದು ಸಾಲು. ಎರಡು ಗಂಟೆ ಹೊತ್ತು ಮುದುಕ ಮುಂದಕ್ಕೆ ಬಾಗಿ ಕೂತು ಅರವತ್ತೆಂಟನ್ನು ಬಿಟ್ಟು ಬೇರೆ ಯಾರನ್ನೂ ನೋಡಲಿಲ್ಲ. ನಡುನಡುವೆ ಕೋಲಿನಿಂದ ನೆಲಕ್ಕೆ ಕುಟ್ಟಿ, "ಮತ್ತೆ ತೋರ್ಸು ಅದನ್ನ," ಎನ್ನುತ್ತಿದ್ದ. ಒಂದು ಕಡೆ ಆರ್ವಿಡ್ ತನಗಿಂತ ಮೂವತ್ತು ಪೌಂಡ್ ದೊಡ್ಡವನೊಬ್ಬನನ್ನು ಹಿಂದೆ ಹಿಂದೆ ತಳ್ಳಿಕೊಂಡು ಹೋಗಿ, ಅವನು ಬಿದ್ದ ಮೇಲೆ ಕೈಕೊಟ್ಟು ಎಬ್ಬಿಸಿದ. ಐನೊ ಅದನ್ನು ನಾಲ್ಕು ಸಲ ನೋಡಿದ.

"ಪ್ರತಿ ಸಲಾನೂ ಇಷ್ಟು ಜೋರಾಗಿ ಬರ್ತಾರಾ ಅವರು?"

"ಪ್ರತಿ ಸಲಾನೂ."

"ಒಂದು ಪಂದ್ಯಕ್ಕೆ ಎಷ್ಟು ಸಲ?"

"ಅರವತ್ತು, ಎಪ್ಪತ್ತು."

ಐನೊ ಮಗನ ಮೊಣಕಾಲನ್ನು ನೋಡಿದ. ಮನೆಗೆ ಹೋಗುವಾಗ ಕಾರಿನ ಮುಂದಿನ ಸೀಟಿನಲ್ಲಿ ತಾನು ಕೂರದೆ, "ನೀನು ಕಾಲು ಚಾಚಿ ಕೂತ್ಕೋ," ಎಂದು ಮಗನನ್ನು ಕೂರಿಸಿ ತಾನು ಹಿಂದೆ ಕೂತ. ಲೊರೇನ್ ಕಾರು ಓಡಿಸಿದಳು. ಕಾರ್ನೆಲ್ ಆ ದಿನ ಅವರ ಮನೆಯಲ್ಲೇ ಉಳಿದ. ಸೌನಾದಲ್ಲಿ ಐದು ನಿಮಿಷ ಕೂತು, "ಇದಕ್ಕಿಂತ ಗ್ರೋವ್ಸ್ ಅಭ್ಯಾಸವೇ ವಾಸಿ," ಎಂದು ಕೂಗುತ್ತ ಹೊರಗೆ ಓಡಿ ಬಂದನಂತೆ.

ಟೊಲೀಡೊಗೆ ಹಿಂದಿರುಗಿದ ಕಾರ್ನೆಲ್ ಅಲ್ಲಿನ ಪತ್ರಿಕೆಗೆ ಕಾಗದ ಬರೆದ. ಒಳಪುಟದಲ್ಲಿ ಚಿಕ್ಕದಾಗಿ ಬಂತು. ಓದಿದವರು ಕೆಲವರೇ. ಪೆಟ್ರೋಲ್ ಬಂಕಿನ ಪ್ರಶ್ನೆ ನಿಲ್ಲಲಿಲ್ಲ, ಆರ್ವಿಡ್ ಅದನ್ನು ತಿದ್ದಲೂ ಹೋಗಲಿಲ್ಲ. ಮೂರು ವರ್ಷದ ಮೇಲೆ ಐನೊ ತೀರಿಕೊಂಡ. ಕಾರ್ನೆಲ್ ಏಳು ನೂರು ಮೈಲಿ ಕಾರು ಓಡಿಸಿಕೊಂಡು ಬಂದು ಹೆಣಕ್ಕೆ ಹೆಗಲು ಕೊಟ್ಟ.

ಆರ್ವಿಡ್ ಇಪ್ಪತ್ತೊಂಬತ್ತು ಚಳಿಗಾಲ ಲಾರಿ ಓಡಿಸಿ ನಿವೃತ್ತನಾದ. ಎರಡೂ ಮೊಣಕಾಲುಗಳನ್ನು ಬದಲಾಯಿಸಿದ್ದಾರೆ. ಬೆರಳುಗಳು ಒಂದೊಂದು ದಿಕ್ಕಿಗೆ ತಿರುಗಿವೆ, ಅಂಗಿಯ ಗುಂಡಿಯನ್ನು ಲೊರೇನ್ ಹಾಕುತ್ತಾಳೆ. ನಾನೂ ಅಂಗಡಿ ಮುಚ್ಚಿದ್ದೇನೆ. ಅವನ ಕೂದಲನ್ನು ಮಾತ್ರ ಅವನ ಅಡುಗೆಮನೆಯಲ್ಲೇ ಕೂರಿಸಿ ಕತ್ತರಿಸುತ್ತೇನೆ. ಈಗ ಉಳಿದಿರುವುದು ಕಿವಿಯ ಮೇಲೆ ನಾಲ್ಕು, ಹಿಂದೆ ನಾಲ್ಕು. ಹೋದ ವಾರ, "ಇದಕ್ಕೆ ಹದಿನೈದು ದಿನಕ್ಕೊಮ್ಮೆ ಬರಬೇಕೇನೋ ನಾನು?" ಎಂದೆ.

"ಕೂದಲಿಗೆ ಯಾರು ಕರೆದ್ರು ನಿನ್ನ?" ಎಂದ. "ಲೊರೇನ್ ಪೈ ಮಾಡಿದಾಳೆ. ಕೂತು ತಿನ್ನು."